ಸಮೀಕರಣದಿಂದ ಮೂಡಿದ ಕಪ್ಪುಕುಳಿ

1979ರಲ್ಲಿ ಫ್ರಾನ್ಸಿನ ಖಗೋಳ ಭೌತವಿಜ್ಞಾನಿ ಝಾನ್-ಪಿಯೆರ್ ಲುಮಿನೆ ಒಂದು ಚಿತ್ರ ಬಿಡಿಸಿದರು. ಅದು ಕಪ್ಪುಕುಳಿಯ ಚಿತ್ರ. ಆಗಿನ್ನೂ ಕಪ್ಪುಕುಳಿಯನ್ನು ಯಾರೂ ಕಂಡಿರಲಿಲ್ಲ, ಕಾಣಿಸಬಲ್ಲ ದೂರದರ್ಶಕವೂ ಇರಲಿಲ್ಲ. ಲುಮಿನೆ ಅವರ ಬಳಿ ಇದ್ದದ್ದು ಐನ್‌ಸ್ಟೈನ್‌ರ ಸಾಮಾನ್ಯ ಸಾಪೇಕ್ಷತಾ ಸಿದ್ಧಾಂತದ ಸಮೀಕರಣಗಳು, ತೂತು ಹೊಡೆದ ಕಾರ್ಡುಗಳನ್ನು ಓದುವ ಐಬಿಎಂ 7040 ಎಂಬ ಕಂಪ್ಯೂಟರು ಮತ್ತು ಒಂದು ಶೀಷೆ ಇಂಕು. ಆ ಕಂಪ್ಯೂಟರಿಗೆ ಲೆಕ್ಕ ಬರುತ್ತಿತ್ತೇ ಹೊರತು ಚಿತ್ರ ಬರುತ್ತಿರಲಿಲ್ಲ. ಅದು ಉದುರಿಸಿದ ಅಂಕಿಗಳನ್ನು ಮುಂದಿಟ್ಟುಕೊಂಡು, ಎಲ್ಲಿ ಬೆಳಕು ಹೆಚ್ಚೋ ಅಲ್ಲಿ ಒತ್ತೊತ್ತಾಗಿ, ಎಲ್ಲಿ ಕಡಿಮೆಯೋ ಅಲ್ಲಿ ಬಿಡಿಬಿಡಿಯಾಗಿ ಅವರು ಕೈಯಿಂದಲೇ ಚುಕ್ಕಿ ಇಡುತ್ತ ಹೋದರು. ಆಮೇಲೆ ಅದರ ನೆಗೆಟಿವ್ ತೆಗೆದಾಗ ಕಪ್ಪು ಚುಕ್ಕಿಗಳೆಲ್ಲ ಬಿಳಿಯಾಗಿ, ಬೆಳಕಿನ ತಟ್ಟೆಯೊಂದರ ನಡುವೆ ಕತ್ತಲ ಗೋಳ ಎದ್ದು ನಿಂತಿತು.

ಈ ಚಿತ್ರ ಕಣ್ಣಿಗೆ ವಿಚಿತ್ರವಾಗಿ ಕಾಣುತ್ತದೆ. ಕಪ್ಪುಕುಳಿಯ ಸುತ್ತ ಬಿಸಿ ಅನಿಲ ತೆಳುವಾದ ತಟ್ಟೆಯಾಗಿ ಹರಡಿ ಸುತ್ತುತ್ತಿರುತ್ತದೆ. ನಡುವೆ ಎಣ್ಣೆ ಬಿಡಲು ತೂತು ಮಾಡಿದ ಅಕ್ಕಿರೊಟ್ಟಿಯನ್ನು ಕಣ್ಣಿನ ಮಟ್ಟಕ್ಕೆ ಎತ್ತಿ ಹಿಡಿದು ನೋಡಿ. ಅದರ ಅಂಚು ಮಾತ್ರ ಒಂದು ಗೆರೆಯಂತೆ ಕಾಣುತ್ತದೆ, ತೂತಿನ ಆಚೆಗಿರುವ ಭಾಗ ಕಾಣುವುದಿಲ್ಲ. ಕಪ್ಪುಕುಳಿಯ ತಟ್ಟೆಯನ್ನು ಹೀಗೆಯೇ ಅಂಚಿನಿಂದ ನೋಡಿದರೆ ಆಚೆಯ ಭಾಗವೂ ಕಾಣುತ್ತದೆ. ತಟ್ಟೆಯ ಹಿಂಭಾಗದಿಂದ ಮೇಲಕ್ಕೆ ಹೊರಟ ಬೆಳಕು ಕುಳಿಯ ಗುರುತ್ವಕ್ಕೆ ಸಿಕ್ಕಿ ಬಾಗಿ, ಕುಳಿಯ ನೆತ್ತಿಯ ಮೇಲಿಂದ ಹಾದು ನಮ್ಮ ಕಣ್ಣಿಗೆ ಬರುತ್ತದೆ. ಕೆಳಕ್ಕೆ ಹೊರಟದ್ದು ಅಡಿಯಿಂದ ಬಾಗಿ ಬರುತ್ತದೆ. ಹಾಗಾಗಿ ಕತ್ತಲ ಗೋಳದ ಮೇಲೊಂದು ಕಮಾನು, ಕೆಳಗೊಂದು ಸಣ್ಣ ಕಮಾನು, ಎದುರಿಗೆ ಅಡ್ಡಲಾಗಿ ಒಂದು ಗೆರೆ. ಒಂದೇ ತಟ್ಟೆಯ ಮೇಲ್ಮೈ ಮತ್ತು ಕೆಳಮೈ ಎರಡನ್ನೂ ಒಮ್ಮೆಲೇ ನೋಡಿದಂತಾಯಿತು. ಎಂಥ ಕಲಾವಿದನೂ ಸುಮ್ಮನೆ ಕೂತು ಇದನ್ನು ಊಹಿಸಲಾರ. ಅದು ಲೆಕ್ಕದಿಂದಲೇ ಹೊರಬರಬೇಕು.

ಬೆಳ್ಳಿತೆರೆಯ ಬಾಹ್ಯಾಕಾಶದ ಬಗ್ಗೆ ನಾನು ಹೇಳಬೇಕೆಂದಿರುವುದು ಇಲ್ಲಿಂದಲೇ ಶುರುವಾಗುತ್ತದೆ. ವಿಜ್ಞಾನವನ್ನು ಸರಿಯಾಗಿ ಪಾಲಿಸಿದರೆ ದೃಶ್ಯ ಸಪ್ಪೆಯಾಗುತ್ತದೆ ಎಂಬ ನಂಬಿಕೆ ಸಿನಿಮಾ ಮಂದಿಯಲ್ಲಿ ಬಹಳ ಕಾಲದಿಂದ ಇದೆ. ನಡೆದದ್ದು ಅದಕ್ಕೆ ತದ್ವಿರುದ್ಧ. ಈವರೆಗೆ ತೆರೆಯ ಮೇಲೆ ಬಂದ ಬಾಹ್ಯಾಕಾಶ ದೃಶ್ಯಗಳಲ್ಲಿ ಮನಸ್ಸಿನಲ್ಲಿ ಉಳಿದವು ಹೆಚ್ಚಾಗಿ ಸಮೀಕರಣವನ್ನು ನಂಬಿ ಮಾಡಿದಂಥವು.

ಲುಮಿನೆ ಚುಕ್ಕಿ ಇಟ್ಟ 35 ವರ್ಷಗಳ ಬಳಿಕ, 2014ರಲ್ಲಿ, ಕ್ರಿಸ್ಟೋಫರ್ ನೋಲನ್ ನಿರ್ದೇಶನದ ‘ಇಂಟರ್‌ಸ್ಟೆಲ್ಲರ್’ ತೆರೆಕಂಡಿತು. ಅದರಲ್ಲಿ ಬರುವ ಗಾರ್ಗ್ಯಾಂಚುವಾ ಎಂಬ ಕಪ್ಪುಕುಳಿಯ ತೂಕ 10 ಕೋಟಿ ಸೂರ್ಯರಷ್ಟು. ಚಿತ್ರಕ್ಕೆ ವಿಜ್ಞಾನ ಸಲಹೆಗಾರರಾಗಿದ್ದವರು ಕ್ಯಾಲ್‌ಟೆಕ್‌ನ ಭೌತವಿಜ್ಞಾನಿ ಕಿಪ್ ಥಾರ್ನ್. ಗ್ರಾಫಿಕ್ಸ್ ಕೆಲಸ ಲಂಡನ್ನಿನ ಡಬಲ್ ನೆಗೆಟಿವ್ ಸ್ಟುಡಿಯೋದ್ದು. ಪೌಲ್ ಫ್ರಾಂಕ್ಲಿನ್ ಅದರ ಮೇಲ್ವಿಚಾರಕರು, ಆಲಿವರ್ ಜೇಮ್ಸ್ ಅಲ್ಲಿನ ಮುಖ್ಯ ವಿಜ್ಞಾನಿ. ಥಾರ್ನ್ ಸಮೀಕರಣಗಳನ್ನು ಬರೆದು, ತಮ್ಮ ಕಂಪ್ಯೂಟರಿನಲ್ಲಿ ಅವನ್ನು ಪರೀಕ್ಷಿಸಿ ಲಂಡನ್ನಿಗೆ ಕಳಿಸುತ್ತಿದ್ದರು. ಜೇಮ್ಸ್ ಅವರ ತಂಡ ಅವನ್ನು ಸಾಫ್ಟ್‌ವೇರ್ ಮಾಡುತ್ತಿತ್ತು.

ಹೊಸ ಸಾಫ್ಟ್‌ವೇರೇ ಯಾಕೆ ಬೇಕಾಯಿತು? ಸಿನಿಮಾ ಸ್ಟುಡಿಯೋಗಳ ರೆಂಡರಿಂಗ್ ಸಾಫ್ಟ್‌ವೇರ್‌ಗಳೆಲ್ಲ ಬೆಳಕು ನೇರ ಗೆರೆಯಲ್ಲಿ ಸಾಗುತ್ತದೆ ಎಂಬ ನಂಬಿಕೆಯ ಮೇಲೆ ಕಟ್ಟಿದವು. ಪರದೆಯ ಒಂದೊಂದು ಪಿಕ್ಸೆಲ್‌ನಿಂದಲೂ ಕಿರಣವನ್ನು ಹಿಂದಕ್ಕೆ ಓಡಿಸಿ, ಅದು ಯಾವ ವಸ್ತುವಿಗೆ ತಾಗುತ್ತದೋ ಆ ವಸ್ತುವಿನ ಬಣ್ಣವನ್ನು ಆ ಪಿಕ್ಸೆಲ್‌ಗೆ ತುಂಬುವುದು ಅವುಗಳ ಕೆಲಸ. ಕಪ್ಪುಕುಳಿಯ ಹತ್ತಿರ ಕಿರಣ ನೇರವಾಗಿ ಹೋಗುವುದೇ ಇಲ್ಲ. ಬಾಗುತ್ತದೆ, ಕೆಲವೊಮ್ಮೆ ಕುಳಿಯನ್ನು ಒಂದೆರಡು ಸುತ್ತು ಹಾಕಿ ಬರುತ್ತದೆ. ಆದ್ದರಿಂದ ಪ್ರತಿ ಕಿರಣಕ್ಕೂ ಐನ್‌ಸ್ಟೈನ್‌ರ ಸಮೀಕರಣವನ್ನು ಬಿಡಿಸುತ್ತ ಹೆಜ್ಜೆ ಹೆಜ್ಜೆಯಾಗಿ ಹಿಂದಕ್ಕೆ ನಡೆಯಬೇಕಾಯಿತು.

ಅಷ್ಟು ಮಾಡಿದರೂ ಇನ್ನೊಂದು ತೊಡಕು ಎದುರಾಯಿತು. ನಕ್ಷತ್ರ ಅತಿ ಸಣ್ಣ ಚುಕ್ಕಿ. ಒಂದು ಫ್ರೇಮಿನಲ್ಲಿ ಕಿರಣ ಅದಕ್ಕೆ ತಾಗುತ್ತದೆ, ಮುಂದಿನ ಫ್ರೇಮಿನಲ್ಲಿ ಕೂದಲೆಳೆಯಷ್ಟು ತಪ್ಪುತ್ತದೆ. ಆಗ ಪರದೆಯ ಮೇಲೆ ನಕ್ಷತ್ರಗಳೆಲ್ಲ ಮಿಣಮಿಣ ಎನ್ನತೊಡಗುತ್ತವೆ. ವಿಜ್ಞಾನಿಯ ಸಂಶೋಧನೆಗೆ ಇದರಿಂದ ತೊಂದರೆಯಿಲ್ಲ, ಐಮ್ಯಾಕ್ಸ್ ಪರದೆಯ ಮುಂದೆ ಕೂತವನ ಕಣ್ಣಿಗೆ ತೊಂದರೆ. ಜೇಮ್ಸ್ ತಂಡ ಒಂಟಿ ಕಿರಣದ ಬದಲು ಕಿರಣಗಳ ಸಣ್ಣ ಕಂತೆಯನ್ನು ಕಳಿಸಿ, ಆ ಕಂತೆ ದಾರಿಯಲ್ಲಿ ಹೇಗೆ ಹಿಗ್ಗುತ್ತದೆ, ಹೇಗೆ ಕುಗ್ಗುತ್ತದೆ ಎಂಬುದನ್ನೂ ಲೆಕ್ಕ ಹಾಕಿತು. ಕೆಲವು ಫ್ರೇಮುಗಳಿಗೆ ತಲಾ 100 ಗಂಟೆಗಳಷ್ಟು ಕಂಪ್ಯೂಟರ್ ಸಮಯ ಹಿಡಿಯಿತು. ತೆರೆಯ ಮೇಲೆ ಒಂದು ಸೆಕೆಂಡಿಗೆ ಇಂಥ 24 ಫ್ರೇಮು ಬೇಕು.

ನನಗೆ ಬಹಳ ಮೆಚ್ಚುಗೆಯಾದದ್ದು ಆಮೇಲಿನ ಸಂಗತಿ. ಮನರಂಜನೆಗೆಂದು ಬರೆದ ಆ ಸಾಫ್ಟ್‌ವೇರನ್ನು ಬಳಸಿ ಜೇಮ್ಸ್, ಯೂಜೆನಿ ಫಾನ್ ಟುಂಜೆಲ್ಮನ್, ಫ್ರಾಂಕ್ಲಿನ್ ಮತ್ತು ಥಾರ್ನ್ ನಾಲ್ವರೂ ಸೇರಿ 2015ರಲ್ಲಿ ‘ಕ್ಲಾಸಿಕಲ್ ಅಂಡ್ ಕ್ವಾಂಟಮ್ ಗ್ರಾವಿಟಿ’ ಎಂಬ ವಿಜ್ಞಾನ ಪತ್ರಿಕೆಯಲ್ಲಿ ಸಂಶೋಧನಾ ಲೇಖನ ಪ್ರಕಟಿಸಿದರು. ರಭಸದಿಂದ ತಿರುಗುವ ಕಪ್ಪುಕುಳಿಯ ಸುತ್ತ ಕ್ಯಾಮೆರಾ ಸಾಗುವಾಗ, ಹಿಂದಿರುವ ಒಂದೇ ನಕ್ಷತ್ರದ ಹಲವು ಬಿಂಬಗಳು ಜೋಡಿಜೋಡಿಯಾಗಿ ಹುಟ್ಟುವುದನ್ನೂ ಅಳಿಯುವುದನ್ನೂ ಅವರು ಅದರಲ್ಲಿ ವಿವರಿಸಿದ್ದಾರೆ. ಸ್ಟುಡಿಯೋದ ತಂತ್ರಜ್ಞರು ವಿಜ್ಞಾನ ಲೇಖನಕ್ಕೆ ಸಹಲೇಖಕರಾದರು. ಗ್ರಾಫಿಕ್ಸ್ ಅಂದರೆ ಬರೀ ಕಣ್ಕಟ್ಟು ಎನ್ನುವವರು ಒಮ್ಮೆ ಈ ಲೇಖನದ ಪುಟಗಳನ್ನು ತಿರುವಿ ನೋಡಬೇಕು.

ಹಾಗಾದರೆ ಗಾರ್ಗ್ಯಾಂಚುವಾ ನೂರಕ್ಕೆ ನೂರು ಸರಿಯೇ? ಇಲ್ಲ. ತಟ್ಟೆಯ ಅನಿಲ ಬೆಳಕಿನ ವೇಗದ ಹತ್ತಿರ ಹತ್ತಿರ ಸುತ್ತುತ್ತಿರುತ್ತದೆ. ಡಾಪ್ಲರ್ ಪರಿಣಾಮದಿಂದಾಗಿ ನಮ್ಮತ್ತ ಬರುವ ಮಗ್ಗುಲು ನೀಲಿಗೆ ವಾಲಿ ಕಣ್ಣು ಕೋರೈಸಬೇಕು, ನಮ್ಮಿಂದ ದೂರ ಹೋಗುವ ಮಗ್ಗುಲು ಕೆಂಪಾಗಿ ಮಂಕಾಗಬೇಕು. ಲುಮಿನೆ ಚಿತ್ರದಲ್ಲಿ ಇದು ಇತ್ತು. ನೋಲನ್ ಚಿತ್ರದಲ್ಲಿ ಇಲ್ಲ. ಒಂದು ಪಕ್ಕ ಉರಿದು ಇನ್ನೊಂದು ಪಕ್ಕ ಮಸುಕಾದರೆ ಪ್ರೇಕ್ಷಕರು ತಬ್ಬಿಬ್ಬಾಗುತ್ತಾರೆ ಎಂದು ಅದನ್ನು ಕೈಬಿಟ್ಟರು. ತಿರುಗುವ ವೇಗದ ವಿಷಯದಲ್ಲೂ ಹೀಗೇ ಆಯಿತು. ಕಥೆಯಲ್ಲಿ ಒಂದು ಗ್ರಹದ ಮೇಲಿನ ಒಂದು ಗಂಟೆ ಭೂಮಿಯ ಏಳು ವರ್ಷಕ್ಕೆ ಸಮ. ಅದು ಸಾಧ್ಯವಾಗಬೇಕಾದರೆ ಕಪ್ಪುಕುಳಿ ತಾನು ತಿರುಗಬಹುದಾದ ಗರಿಷ್ಠ ವೇಗಕ್ಕಿಂತ ಕೋಟಿ ಕೋಟಿಯಲ್ಲಿ ಒಂದು ಪಾಲಿನಷ್ಟು ಮಾತ್ರ ಕಡಿಮೆ ತಿರುಗಬೇಕು ಎಂದು ಥಾರ್ನ್ ಲೆಕ್ಕ ಹಾಕಿದ್ದರು. ಅಷ್ಟು ವೇಗದಲ್ಲಿ ಕತ್ತಲ ಗೋಳದ ಒಂದು ಬದಿ ಚಪ್ಪಟೆಯಾಗಿ ಕಾಣುತ್ತದೆ. ಅದು ಬೇಡವೆಂದು ಚಿತ್ರಿಕೆಗೆ ಮಾತ್ರ ಗರಿಷ್ಠದ 0.6 ಪಾಲು ವೇಗವನ್ನು ಇಟ್ಟುಕೊಂಡರು.

ಇವೆಲ್ಲ ನಮಗೆ ತಿಳಿದದ್ದು ಹೇಗೆ? ಅವರೇ ಹೇಳಿದರು. ಥಾರ್ನ್ ‘ದಿ ಸೈನ್ಸ್ ಆಫ್ ಇಂಟರ್‌ಸ್ಟೆಲ್ಲರ್’ ಎಂಬ ಪುಸ್ತಕವನ್ನೇ ಬರೆದು, ಚಿತ್ರದಲ್ಲಿ ಯಾವುದು ಸಾಬೀತಾದ ಸತ್ಯ, ಯಾವುದು ಆಧಾರವಿರುವ ಊಹೆ, ಯಾವುದು ಬರೀ ಕಲ್ಪನೆ ಎಂದು ಗುರುತು ಹಾಕಿಕೊಟ್ಟರು. ಸಂಶೋಧನಾ ಲೇಖನದಲ್ಲಿ ಡಾಪ್ಲರ್ ಪರಿಣಾಮ ಸೇರಿಸಿದ ಚಿತ್ರವನ್ನೂ ಸೇರಿಸದ ಚಿತ್ರವನ್ನೂ ಅಚ್ಚು ಹಾಕಿದರು. ಇದೇ ಸರಿಯಾದ ದಾರಿ ಎಂದು ನನ್ನ ದೃಢ ನಂಬಿಕೆ. ಕಥೆಗಾಗಿ ವಿಜ್ಞಾನದಿಂದ ಒಂದು ಹೆಜ್ಜೆ ಆಚೆ ಇಡುವುದು ಅಪರಾಧವಲ್ಲ. ಎಲ್ಲಿ ಆಚೆ ಇಟ್ಟೆ ಎಂಬುದು ಮಾಡಿದವನಿಗೆ ಗೊತ್ತಿರಬೇಕು, ಕೇಳಿದವರಿಗೆ ಹೇಳಬೇಕು.

2019ರ ಏಪ್ರಿಲ್ 10ರಂದು ನಿಜವಾದ ಕಪ್ಪುಕುಳಿಯ ಮೊದಲ ಚಿತ್ರ ಹೊರಬಂತು. ಇವೆಂಟ್ ಹೊರೈಜನ್ ಟೆಲಿಸ್ಕೋಪ್ ಎಂಬ ಯೋಜನೆಯಡಿ ಭೂಮಿಯ ಬೇರೆಬೇರೆ ಕಡೆಯ ಎಂಟು ರೇಡಿಯೋ ದೂರದರ್ಶಕಗಳನ್ನು ಜೋಡಿಸಿ, ಐದೂವರೆ ಕೋಟಿ ಜ್ಯೋತಿರ್ವರ್ಷ ದೂರದ ಎಂ87 ಗೆಲಾಕ್ಸಿಯ ನಡುವಿನ ಕುಳಿಯನ್ನು ಸೆರೆಹಿಡಿದಿದ್ದರು. ಅದರ ತೂಕ 650 ಕೋಟಿ ಸೂರ್ಯರಷ್ಟು. ಆ ಮಸುಕು ಉಂಗುರವನ್ನು ನೋಡಿದರೆ ಕೆಳಭಾಗ ಹೆಚ್ಚು ಉಜ್ವಲ, ಮೇಲ್ಭಾಗ ಮಂಕು. ಸಿನಿಮಾದವರು ಕೈಬಿಟ್ಟಿದ್ದ ಅದೇ ಡಾಪ್ಲರ್ ಪರಿಣಾಮ! ಅದೇ ವರ್ಷ ನಾಸಾದ ಗಾಡರ್ಡ್ ಕೇಂದ್ರದ ಜೆರೆಮಿ ಶ್ನಿಟ್‌ಮನ್ ಮಾಡಿದ ಕಪ್ಪುಕುಳಿಯ ದೃಶ್ಯದಲ್ಲಿ ಒಂದು ಪಕ್ಕ ಉರಿಯುವುದನ್ನೂ ಇನ್ನೊಂದು ಮಂಕಾಗುವುದನ್ನೂ ಹಾಗೇ ಉಳಿಸಿಕೊಂಡಿದ್ದಾರೆ. ಅದನ್ನು ನೋಡಿ ಯಾರಾದರೂ ತಬ್ಬಿಬ್ಬಾದದ್ದನ್ನು ನಾನು ಕೇಳಿಲ್ಲ. ಪ್ರೇಕ್ಷಕರ ಬುದ್ಧಿಯನ್ನು ನೋಲನ್ ಇನ್ನೂ ಸ್ವಲ್ಪ ನಂಬಬಹುದಿತ್ತು.

ಪ್ರೇಕ್ಷಕರಿಗೆ ಅರ್ಥವಾಗುವುದಿಲ್ಲ ಎಂಬ ಈ ಅಳುಕು ಹಳೆಯದು. 1968ರಲ್ಲಿ ಸ್ಟ್ಯಾನ್ಲಿ ಕುಬ್ರಿಕ್ ‘2001: ಎ ಸ್ಪೇಸ್ ಒಡಿಸ್ಸಿ’ ಮಾಡಿದಾಗ ಮನುಷ್ಯ ಇನ್ನೂ ಚಂದ್ರನ ಬಳಿಗೆ ಹೋಗಿರಲಿಲ್ಲ. ನಿರ್ವಾತದಲ್ಲಿ ಸದ್ದಿಲ್ಲ ಎಂಬುದನ್ನು ಗೌರವಿಸಿ, ಗಗನಯಾತ್ರಿಯ ಉಸಿರನ್ನು ಮಾತ್ರ ಕೇಳಿಸಿದ ಧೈರ್ಯವಂತ ಅವರು. ಆದರೆ ಚಿತ್ರದಲ್ಲಿ ಬರುವ ಅಣುಶಕ್ತಿಯ ನೌಕೆಗೆ ಶಾಖ ಹೊರಹಾಕುವ ದೊಡ್ಡ ರೇಡಿಯೇಟರುಗಳು ಇರಲೇಬೇಕಿತ್ತು. ಜನ ಅವನ್ನು ರೆಕ್ಕೆ ಎಂದುಕೊಂಡಾರು ಎಂದು ತೆಗೆದುಹಾಕಿದರು. ಚಂದ್ರನ ಬೆಟ್ಟಗಳನ್ನು ಚೂಪುಚೂಪಾಗಿ ತೋರಿಸಿದರು. ಅಪೊಲೊ ಯಾತ್ರಿಗಳು ತಂದ ಫೋಟೋಗಳಲ್ಲಿ ಆ ಬೆಟ್ಟಗಳು ಸವೆದು ದುಂಡಗಿದ್ದವು. ಇದೇ ಕಥೆಯ ಆರ್ಥರ್ ಕ್ಲಾರ್ಕ್ ಅವರ ಕಾದಂಬರಿಯಲ್ಲಿ ನೌಕೆ ಶನಿಗ್ರಹಕ್ಕೆ ಹೋಗುತ್ತದೆ, ಸಿನಿಮಾದಲ್ಲಿ ಗುರುಗ್ರಹಕ್ಕೇ ನಿಲ್ಲುತ್ತದೆ. ಕಾರಣ, ಶನಿಯ ಉಂಗುರಗಳನ್ನು ನಂಬುವಂತೆ ಮಾಡಿ ತೋರಿಸಲು ಆಗ ಆಗಲಿಲ್ಲ.

ಆ ಉಂಗುರಗಳ ಗುಟ್ಟು ಬಿಡಿಸಿದವರು ಜಿಮ್ ಬ್ಲಿನ್. ಅಮೆರಿಕದ ಜೆಟ್ ಪ್ರೊಪಲ್ಷನ್ ಲ್ಯಾಬೊರೇಟರಿಯಲ್ಲಿ ಕೂತು ವಾಯೇಜರ್ ನೌಕೆಗಳು ಗುರುವನ್ನೂ ಶನಿಯನ್ನೂ ದಾಟಿ ಹೋಗುವ ಅನಿಮೇಷನ್‌ಗಳನ್ನು ಮಾಡಿದವರು ಅವರು. ಕಾರ್ಲ್ ಸಗಾನ್‌ರ ‘ಕಾಸ್ಮೋಸ್’ ಸರಣಿಗೂ ಅವರು ದುಡಿದರು. ಶನಿಯ ಉಂಗುರ ಗಟ್ಟಿ ಹಲಗೆಯಲ್ಲ. ಹಿಮದ ಲೆಕ್ಕವಿಲ್ಲದಷ್ಟು ಚೂರುಗಳ ಪದರ. ಸೂರ್ಯನ ಬೆಳಕು ಬೀಳುವ ಕಡೆಯಿಂದ ನೋಡಿದರೆ ಚೂರುಗಳು ಒತ್ತಾಗಿರುವ ಜಾಗ ಬೆಳ್ಳಗೆ ಕಾಣುತ್ತದೆ, ಆಚೆಯ ಕಡೆಯಿಂದ ನೋಡಿದರೆ ಅದೇ ಜಾಗ ಕಪ್ಪಾಗುತ್ತದೆ. ಬೆಳಕು ದಾಟಿ ಬರಲು ಅಲ್ಲಿ ಸಂದಿಲ್ಲ. ಚೂರು ಚೂರಿನ ಮೇಲೆ ಬೆಳಕು ಬಿದ್ದು, ಚದುರಿ, ಒಂದರ ನೆರಳು ಇನ್ನೊಂದರ ಮೇಲೆ ಬಿದ್ದು ಒಟ್ಟಾರೆ ಎಷ್ಟು ಬೆಳಕು ಕಣ್ಣಿಗೆ ತಲುಪುತ್ತದೆ ಎಂಬುದಕ್ಕೆ ಬ್ಲಿನ್ 1982ರಲ್ಲಿ ಒಂದು ಸೂತ್ರ ಪ್ರಕಟಿಸಿದರು. ಇಂದು ಸಿನಿಮಾಗಳಲ್ಲಿ ಕಾಣುವ ಕಂಪ್ಯೂಟರಿನ ಮೋಡ, ಮಂಜು, ಹೊಗೆ, ಧೂಳು ಇವುಗಳ ಹಿಂದಿನ ವಿದ್ಯೆ ಬೆಳೆದದ್ದು ಶನಿಯ ಉಂಗುರದ ಆ ಲೆಕ್ಕದಂಥ ಕೆಲಸಗಳಿಂದ.

ಬಾಹ್ಯಾಕಾಶದ ದೃಶ್ಯ ಅಂದರೆ ಕೊನೆಗೂ ಬೆಳಕಿನ ಪ್ರಶ್ನೆ. ಗಾಳಿ ಇಲ್ಲದ ಕಡೆ ಬೆಳಕು ಚದುರುವುದಿಲ್ಲ, ನೆರಳಿನ ಅಂಚು ಕತ್ತರಿಸಿದಂತೆ ಇರುತ್ತದೆ. ಬಿಸಿಲಿನಲ್ಲಿ ಹೊಳೆಯುವ ನೌಕೆಗೆ ಹೊಂದಿಸಿದ ಕ್ಯಾಮೆರಾದಲ್ಲಿ ನಕ್ಷತ್ರಗಳು ಮೂಡುವುದಿಲ್ಲ. ಅಪೊಲೊ ಫೋಟೋಗಳಲ್ಲಿ ಆಕಾಶ ಬರೀ ಕಪ್ಪಾಗಿರುವುದು ಅದಕ್ಕೇ. 2013ರ ‘ಗ್ರಾವಿಟಿ’ ಚಿತ್ರದ ದೊಡ್ಡ ಸಾಧನೆ ಈ ಬೆಳಕನ್ನು ಹಿಡಿದದ್ದು. ಭೂಮಿಯ ಸುತ್ತ ತಿರುಗುವ ಗಗನಯಾತ್ರಿಗೆ ಒಂದು ಕಡೆಯಿಂದ ಸೂರ್ಯನ ಕಡು ಬೆಳಕು, ಇನ್ನೊಂದು ಕಡೆಯಿಂದ ಭೂಮಿ ಪ್ರತಿಫಲಿಸಿದ ಮೃದುವಾದ ನೀಲಿ ಬೆಳಕು. ಆಕೆ ಉರುಳಿದರೆ ಎರಡೂ ಮುಖದ ಮೇಲೆ ಜಾರುತ್ತ ಹೋಗಬೇಕು. ನಟಿಯನ್ನು ಹಾಗೆ ಉರುಳಿಸಲಾಗದು. ಫ್ರೇಮ್‌ಸ್ಟೋರ್ ಸ್ಟುಡಿಯೋದ ತಂಡ ಲಕ್ಷಾಂತರ ಎಲ್‌ಇಡಿ ದೀಪಗಳ ಪೆಟ್ಟಿಗೆಯೊಂದನ್ನು ಕಟ್ಟಿ, ನಟಿಯನ್ನು ಒಳಗೆ ಕೂರಿಸಿ, ಭೂಮಿ ಮತ್ತು ಸೂರ್ಯನ ಬೆಳಕನ್ನೇ ಆಕೆಯ ಸುತ್ತ ತಿರುಗಿಸಿತು. ಇಷ್ಟು ಶ್ರದ್ಧೆಯ ನಡುವೆಯೂ ಒಂದು ತಪ್ಪು ಉಳಿಯಿತು. ಆಕೆ ಅತ್ತಾಗ ಕಣ್ಣೀರ ಹನಿ ಕಣ್ಣು ಬಿಟ್ಟು ತೇಲಿ ಬರುತ್ತದೆ. ಚಿತ್ರ ಬಿಡುಗಡೆಯಾದ ವರ್ಷವೇ ಕೆನಡಾದ ಗಗನಯಾತ್ರಿ ಕ್ರಿಸ್ ಹ್ಯಾಡ್‌ಫೀಲ್ಡ್ ಅಂತರರಾಷ್ಟ್ರೀಯ ಬಾಹ್ಯಾಕಾಶ ನಿಲ್ದಾಣದಿಂದ ನೀರು ಬಿಟ್ಟು ತೋರಿಸಿದ್ದರು: ಅಲ್ಲಿ ಕಣ್ಣೀರು ಉದುರುವುದೂ ಇಲ್ಲ, ತೇಲುವುದೂ ಇಲ್ಲ, ಕಣ್ಣಿಗೇ ಮುದ್ದೆಯಾಗಿ ಅಂಟಿಕೊಳ್ಳುತ್ತದೆ. ಆ ನಿಜವನ್ನು ತೋರಿಸಿದ್ದರೆ ದೃಶ್ಯದ ಸಂಕಟ ಇನ್ನೂ ಹೆಚ್ಚುತ್ತಿತ್ತು ಅನ್ನಿಸುತ್ತದೆ ನನಗೆ.

ಬಣ್ಣದ ವಿಷಯಕ್ಕೆ ಬಂದರೆ ವಿಜ್ಞಾನಿಗಳೂ ಕಲಾವಿದರೇ. ಹಬಲ್ ದೂರದರ್ಶಕ 1995ರಲ್ಲಿ ತೆಗೆದ ‘ಸೃಷ್ಟಿಸ್ತಂಭ’ಗಳ ಚಿತ್ರವನ್ನು ನೋಡದವರು ಕಡಿಮೆ. ಆ ಅನಿಲ ಮೋಡದಲ್ಲಿ ಹೈಡ್ರೋಜನ್ ಕೂಡ ಕೆಂಪು ಬೆಳಕು ಸೂಸುತ್ತದೆ, ಗಂಧಕವೂ ಕೆಂಪು. ಎರಡನ್ನೂ ಬೇರ್ಪಡಿಸಿ ತೋರಿಸಲೆಂದು ಗಂಧಕಕ್ಕೆ ಕೆಂಪು, ಹೈಡ್ರೋಜನ್‌ಗೆ ಹಸಿರು, ಆಮ್ಲಜನಕಕ್ಕೆ ನೀಲಿ ಹಚ್ಚಿದರು. ಜೇಮ್ಸ್ ವೆಬ್ ದೂರದರ್ಶಕ ನೋಡುವುದು ನಮ್ಮ ಕಣ್ಣಿಗೆ ಕಾಣದ ಅವಗೆಂಪು ಬೆಳಕನ್ನು. ಅದರ ಚಿತ್ರಗಳಲ್ಲಿ ಉದ್ದನೆಯ ತರಂಗಗಳಿಗೆ ಕೆಂಪು, ಗಿಡ್ಡ ತರಂಗಗಳಿಗೆ ನೀಲಿ ಕೊಡುತ್ತಾರೆ. ಇಲ್ಲಿ ಮೋಸವಿಲ್ಲ, ಏಕೆಂದರೆ ಯಾವ ಬಣ್ಣ ಯಾವುದಕ್ಕೆ ಎಂಬ ವಿವರವನ್ನೂ ಚಿತ್ರದ ಜೊತೆಗೇ ಪ್ರಕಟಿಸುತ್ತಾರೆ.

ಕಪ್ಪುಕುಳಿಯ ಮಾತು ಬಂದಾಗ ಕನ್ನಡಿಗರು ನೆನೆಯಲೇಬೇಕಾದ ಹೆಸರು ಬೆಂಗಳೂರಿನಲ್ಲಿ ಹುಟ್ಟಿದ ಸಿ.ವಿ. ವಿಶ್ವೇಶ್ವರ. ಪ್ರಿನ್ಸ್‌ಟನ್ನಿನ ಜಾನ್ ವೀಲರ್ ಅವರ ಶಿಷ್ಯರಲ್ಲಿ ಇಬ್ಬರು ಕಿಪ್ ಥಾರ್ನ್ ಮತ್ತು ಚಾರ್ಲ್ಸ್ ಮಿಸ್ನರ್. ಆ ಮಿಸ್ನರ್ ಅವರ ಶಿಷ್ಯ ನಮ್ಮ ವಿಶ್ವೇಶ್ವರ. ಕೆಣಕಿದ ಕಪ್ಪುಕುಳಿ ಒಂದು ನಿರ್ದಿಷ್ಟ ಲಯದಲ್ಲಿ ಕಂಪಿಸಿ ಕ್ರಮೇಣ ಸ್ತಬ್ಧವಾಗುತ್ತದೆ ಎಂದು ಅವರು 1970ರಲ್ಲೇ ಲೆಕ್ಕ ಹಾಕಿ ತೋರಿಸಿದ್ದರು. 2015ರ ಸೆಪ್ಟೆಂಬರಿನಲ್ಲಿ ಲೈಗೊ ಉಪಕರಣಗಳಿಗೆ ಸಿಕ್ಕ ಮೊದಲ ಗುರುತ್ವ ತರಂಗದ ಕೊನೆಯ ತುಣುಕಿನಲ್ಲಿ ಇದ್ದದ್ದು ಇಂಥದೇ ಕಂಪನ. ಆ ಸುದ್ದಿ ಕೇಳುವವರೆಗೆ ಬದುಕಿದ್ದ ಅವರು 2017ರ ಜನವರಿಯಲ್ಲಿ ತೀರಿಕೊಂಡರು. ಅದೇ ವರ್ಷ ಥಾರ್ನ್ ಸೇರಿ ಮೂವರಿಗೆ ಆ ಶೋಧಕ್ಕಾಗಿ ನೊಬೆಲ್ ಬಂತು. ಇಷ್ಟು ದೊಡ್ಡ ವಿಜ್ಞಾನಿ ತಮ್ಮ ಬದುಕಿನ ಮುಖ್ಯ ವರ್ಷಗಳನ್ನು ಬೆಂಗಳೂರಿನ ಜವಾಹರಲಾಲ್ ನೆಹರು ತಾರಾಲಯವನ್ನು ಕಟ್ಟಲು ಕೊಟ್ಟರು. ಅದರ ಸ್ಥಾಪಕ ನಿರ್ದೇಶಕರು ಅವರೇ. ಶಾಲಾಮಕ್ಕಳಿಗೆ ಆಕಾಶವನ್ನು ಸರಿಯಾಗಿ ತೋರಿಸುವುದು ಸಂಶೋಧನೆಯಷ್ಟೇ ಘನವಾದ ಕೆಲಸ ಎಂದು ಅವರು ಭಾವಿಸದಿದ್ದರೆ ಇದು ಆಗುತ್ತಿರಲಿಲ್ಲ.

ಈ ಶ್ರದ್ಧೆ ನಮ್ಮ ಸುದ್ದಿ ಪರದೆಗಳಿಗೆ ಇನ್ನೂ ಬಂದಿಲ್ಲ. 2023ರ ಆಗಸ್ಟ್ 23ರ ಸಂಜೆ ಚಂದ್ರಯಾನ-3ರ ವಿಕ್ರಮ್ ಲ್ಯಾಂಡರ್ ಚಂದ್ರನ ಮೇಲೆ ಇಳಿದಾಗ ಇಸ್ರೊ ನೇರಪ್ರಸಾರದಲ್ಲಿ ನಾವು ನೋಡಿದ್ದು ಅನಿಮೇಷನ್ ಮತ್ತು ಎತ್ತರ, ವೇಗಗಳ ಅಂಕಿಗಳು. ಲ್ಯಾಂಡರಿನ ಕ್ಯಾಮೆರಾ ಇಳಿಯುವಾಗ ಸೆರೆಹಿಡಿದ ನಿಜವಾದ ವಿಡಿಯೋವನ್ನು ಮರುದಿನ ಬಿಡುಗಡೆ ಮಾಡಿದರು. ಇಸ್ರೊ ಕಡೆಯಿಂದ ಗೊಂದಲವಿರಲಿಲ್ಲ. ಆದರೆ ಇಂಥ ಹೊತ್ತಿನಲ್ಲಿ ಚಾನೆಲ್‌ಗಳು ತಾವೇ ಮಾಡಿಸಿ ತೋರಿಸುವ ಗ್ರಾಫಿಕ್ಸ್‌ನಲ್ಲಿ ಲ್ಯಾಂಡರಿನ ಅಡಿಯಿಂದ ಕಿತ್ತಳೆ ಬಣ್ಣದ ಬೆಂಕಿ ಉಗುಳುತ್ತದೆ, ಗುಡುಗಿನಂಥ ಸದ್ದು ಬರುತ್ತದೆ, ‘ಇದು ಕಲ್ಪನಾ ಚಿತ್ರ’ ಎಂಬ ಒಂದು ಸಾಲೂ ಇರುವುದಿಲ್ಲ. ಗಾಳಿಯಿಲ್ಲದ ಚಂದ್ರನಲ್ಲಿ ಇಂಥ ಎಂಜಿನ್ನಿನ ಉರಿ ಹೊರಬಂದ ಕೂಡಲೇ ಹರಡಿ ಕಾಣದಾಗುತ್ತದೆ. 1972ರ ಡಿಸೆಂಬರಿನಲ್ಲಿ ಅಪೊಲೊ-17 ಚಂದ್ರನಿಂದ ಮೇಲೇಳುವುದನ್ನು ರೋವರ್ ಮೇಲಿನ ಕ್ಯಾಮೆರಾ ಚಿತ್ರೀಕರಿಸಿದೆ. ಒಂದಿಷ್ಟು ಚೂರುಗಳು ಸಿಡಿಯುತ್ತವೆ, ನೌಕೆ ಸರ್ರನೆ ಮೇಲೇರುತ್ತದೆ, ಜ್ವಾಲೆ ಕಾಣುವುದಿಲ್ಲ. ಟೀವಿಯ ಬೆಂಕಿಯನ್ನು ನೋಡಿ ಬೆಳೆದ ಹುಡುಗ ಈ ನಿಜವಾದ ವಿಡಿಯೋ ನೋಡಿದರೆ ಇದೇ ಸುಳ್ಳು ಎಂದುಕೊಳ್ಳುತ್ತಾನೆ. ಚಂದ್ರಯಾತ್ರೆಯೇ ನಡೆದಿಲ್ಲ ಎಂಬ ವಾಟ್ಸ್ಆ್ಯಪ್ ಕಥೆಗಳಿಗೆ ಗೊಬ್ಬರ ಸಿಗುವುದು ಇಂಥಲ್ಲೇ.

ಚಾನೆಲ್‌ಗಳ ಸಂಪಾದಕರಿಗೆ ನನ್ನ ಕೋರಿಕೆ ಸಣ್ಣದು. ಗ್ರಾಫಿಕ್ಸ್ ತೋರಿಸುವಾಗ ಪರದೆಯ ಮೂಲೆಯಲ್ಲಿ ‘ಕಲ್ಪನಾ ಚಿತ್ರ’ ಎಂದು ಬರೆಯಿರಿ. ದೂರದರ್ಶಕದ ಫೋಟೋ ಆದರೆ ಯಾವ ದೂರದರ್ಶಕದ್ದು, ಬಣ್ಣ ನಿಜದ್ದೋ ಹಚ್ಚಿದ್ದೋ ಎಂದು ಒಂದು ಸಾಲು ಹೇಳಿ. ಇದಕ್ಕೆ ಖರ್ಚಿಲ್ಲ.

ಸಿನಿಮಾದವರಿಗೆ ಇನ್ನೂ ದೊಡ್ಡ ಅವಕಾಶವಿದೆ. ಥಾರ್ನ್ ಕ್ಯಾಲಿಫೋರ್ನಿಯಾದಲ್ಲಿ, ಸ್ಟುಡಿಯೋ ಲಂಡನ್ನಿನಲ್ಲಿ. ನಡುವೆ ಒಂದು ಸಾಗರ. ಬೆಂಗಳೂರಿನಲ್ಲಿ ವಿಎಫ್‌ಎಕ್ಸ್ ಸ್ಟುಡಿಯೋಗಳಿವೆ, ಹಾಲಿವುಡ್ ಚಿತ್ರಗಳಿಗೆ ದುಡಿದು ಪಳಗಿದ ಹುಡುಗ ಹುಡುಗಿಯರಿದ್ದಾರೆ. ಅದೇ ಊರಿನಲ್ಲಿ ಇಸ್ರೊ ಇದೆ, ರಾಮನ್ ಸಂಶೋಧನಾ ಸಂಸ್ಥೆ ಇದೆ, ಕೋರಮಂಗಲದಲ್ಲಿ ಭಾರತೀಯ ಖಗೋಳ ಭೌತವಿಜ್ಞಾನ ಸಂಸ್ಥೆ ಇದೆ, ಹೆಸರಘಟ್ಟದ ಕಡೆ ಗುರುತ್ವ ತರಂಗಗಳ ಮೇಲೆ ಕೆಲಸ ಮಾಡುವ ಐಸಿಟಿಎಸ್ ಇದೆ. ಕನ್ನಡದಲ್ಲಿ ಬಾಹ್ಯಾಕಾಶದ ಕಥೆ ಮಾಡಹೊರಟ ನಿರ್ದೇಶಕರು ಸೆಟ್ಟಿನ ಲೆಕ್ಕ ಹಾಕುವ ಮುಂಚೆ ಇವುಗಳಲ್ಲಿ ಒಂದು ಸಂಸ್ಥೆಗೆ ಪತ್ರ ಬರೆಯಲಿ, ಚಿತ್ರಕಥೆಯ ಮೊದಲ ಪ್ರತಿಯನ್ನು ಅಲ್ಲಿನ ಒಬ್ಬ ವಿಜ್ಞಾನಿಯ ಕೈಗೆ ಕೊಡಲಿ.